ದನದ ಕೊಟ್ಟಿಗೆಯಲ್ಲಿ ಹುಟ್ಟಿದ ಟೆಲಿವಿಷನ್

(ಮಕ್ಕಳಿಗಾಗಿ ಬರೆಯುವವರ ಕಾರ್ಯಾಗಾರವೊಂದರಲ್ಲಿ ಮಾಡಿದ ಉಪನ್ಯಾಸದ ಬರಹ ರೂಪ)

ಸ್ನೇಹಿತರೆ, ಮಕ್ಕಳ ಟೆಲಿವಿಷನ್ನಿಗೆ ಬರೆಯುವುದು, ನಿರ್ದೇಶಿಸುವುದು ಒಂದು ಜೀವಮಾನದ ವೃತ್ತಿಯಾಗಬಲ್ಲದೇ ಎಂಬ ವಿಷಯದ ಮೇಲೆ ಮಾತನಾಡಲು ನನ್ನನ್ನು ಕರೆದಿದ್ದೀರಿ. ಆಗಬಲ್ಲದು. ಅದಕ್ಕೆ ಸಾಕ್ಷಿಯಾಗಿ ಒಬ್ಬರ ಬದುಕನ್ನು ನಿಮ್ಮ ಮುಂದಿಡುತ್ತೇನೆ. ಅವರು ಇಂಗ್ಲೆಂಡಿನ ಆಲಿವರ್ ಪೋಸ್ಟ್‌ಗೇಟ್. 1925ರಲ್ಲಿ ಹುಟ್ಟಿ 2008ರ ಡಿಸೆಂಬರಿನಲ್ಲಿ ತೀರಿಕೊಂಡರು. ಬ್ರಿಟನ್ನಿನಲ್ಲಿ ಐವತ್ತು ದಾಟಿದ ಯಾರನ್ನು ಕೇಳಿದರೂ ಅವರ ಧ್ವನಿಯನ್ನು ಬಲ್ಲರು. ನಮ್ಮಲ್ಲಿ ಅವರನ್ನು ಬಲ್ಲವರು ತೀರ ಕಡಿಮೆ. ಈ ಕ್ಷೇತ್ರಕ್ಕೆ ಬರುವ ಪ್ರತಿಯೊಬ್ಬರೂ ಮೊದಲು ನೋಡಬೇಕಾದದ್ದು ಇವರ ಕೆಲಸವನ್ನೇ ಎಂದು ನಾನು ನಂಬಿದ್ದೇನೆ.

ಪೋಸ್ಟ್‌ಗೇಟ್ ಹುಟ್ಟಿದ್ದು ರಾಜಕೀಯದ ಮನೆಯಲ್ಲಿ. ತಾಯಿಯ ತಂದೆ ಜಾರ್ಜ್ ಲ್ಯಾನ್ಸ್‌ಬರಿ ಬ್ರಿಟನ್ನಿನ ಲೇಬರ್ ಪಕ್ಷದ ನಾಯಕರಾಗಿದ್ದವರು, ಯುದ್ಧವನ್ನು ಕೊನೆಯವರೆಗೂ ವಿರೋಧಿಸಿದವರು. ತಂದೆ ರೇಮಂಡ್ ಮೊದಲ ಮಹಾಯುದ್ಧದಲ್ಲಿ ಬಂದೂಕು ಹಿಡಿಯಲು ಒಪ್ಪದೆ ಜೈಲಿಗೆ ಹೋದವರು. ಎರಡನೆಯ ಮಹಾಯುದ್ಧ ಬಂದಾಗ ಮಗನೂ ಹಾಗೆಯೇ ಮಾಡಿದ. ಸೈನ್ಯಕ್ಕೆ ಸೇರುವುದಿಲ್ಲ ಎಂದದ್ದಕ್ಕೆ ಫೆಲ್ಥಮ್ ಜೈಲಿನಲ್ಲಿ ಶಿಕ್ಷೆ ಅನುಭವಿಸಿ, ಆಮೇಲೆ ಹೊಲಗಳಲ್ಲಿ ದುಡಿದ. ಯುದ್ಧ ಮುಗಿದ ಮೇಲೆ ರೆಡ್ ಕ್ರಾಸ್ ಪರವಾಗಿ ಜರ್ಮನಿಗೆ ಹೋಗಿ ಪರಿಹಾರ ಕಾರ್ಯದಲ್ಲಿ ತೊಡಗಿದ. ಇದನ್ನೆಲ್ಲ ಹೇಳುತ್ತಿರುವುದಕ್ಕೆ ಕಾರಣವಿದೆ. ಮುಂದೆ ಅವರು ಬರೆದ ಕಥೆಗಳಲ್ಲಿ ದುಷ್ಟರಿದ್ದಾರೆ, ಆದರೆ ಅವರನ್ನು ಕೊಂದು ಗೆಲ್ಲುವ ನಾಯಕರಿಲ್ಲ. ಹೊಡೆದಾಟದಿಂದ ಬಗೆಹರಿಯುವ ಕಥೆಯನ್ನು ಅವರು ಮಕ್ಕಳಿಗೆ ಹೇಳಲಿಲ್ಲ. ಜೈಲಿಗೆ ಹೋಗಿಯಾದರೂ ಉಳಿಸಿಕೊಂಡ ನಿಲುವನ್ನು ಅವರು ಬೊಂಬೆಗಳ ಮುಂದೆ ಕುಳಿತಾಗಲೂ ಬಿಡಲಿಲ್ಲ.

1957ರಲ್ಲಿ ಅವರು ಅಸೋಸಿಯೇಟೆಡ್ ರೆಡಿಫ್ಯೂಷನ್ ಎಂಬ ಖಾಸಗಿ ಟೆಲಿವಿಷನ್ ಕಂಪನಿಯಲ್ಲಿ ರಂಗ ವ್ಯವಸ್ಥಾಪಕರಾಗಿ ಸೇರಿದರು. ಮಕ್ಕಳ ವಿಭಾಗದ ಕಾರ್ಯಕ್ರಮಗಳನ್ನು ದಿನವೂ ಹತ್ತಿರದಿಂದ ಕಂಡಾಗ, ಇಷ್ಟೇ ಹಣದಲ್ಲಿ ಇದಕ್ಕಿಂತ ಒಳ್ಳೆಯದನ್ನು ಮಾಡಬಹುದು ಎನ್ನಿಸಿತು. ಇಲಿಯೊಂದು ರಾಜನಾಗುವ ಕಥೆ ಬರೆದರು. ಅದನ್ನು ತೋರಿಸಲು ಸಿಕ್ಕ ಸಾಧನ ವಿಚಿತ್ರವಾದದ್ದು: ಮೇಜಿನ ಮೇಲೆ ಬಣ್ಣದ ಹಿನ್ನೆಲೆ ಚಿತ್ರ, ಅದರ ಮೇಲೆ ಅಯಸ್ಕಾಂತ ಅಂಟಿಸಿದ ರಟ್ಟಿನ ಪಾತ್ರಗಳು, ಮೇಜಿನ ಕೆಳಗಿನಿಂದ ಮತ್ತೊಂದು ಅಯಸ್ಕಾಂತ ಹಿಡಿದು ಅವನ್ನು ನಡೆಸುವ ಕೈಗಳು, ಓರೆಯಾಗಿ ನಿಲ್ಲಿಸಿದ ಕನ್ನಡಿಯ ಮೂಲಕ ನೋಡುವ ಕ್ಯಾಮೆರಾ. ಪ್ರಸಾರ ನೇರ. ಅಯಸ್ಕಾಂತ ಮಗುಚಿಕೊಂಡರೆ ಪಾತ್ರವೂ ಮಗುಚಿಕೊಳ್ಳುತ್ತಿತ್ತು, ಅದನ್ನು ದೇಶವೆಲ್ಲ ನೋಡುತ್ತಿತ್ತು.

ಆ ಹಿನ್ನೆಲೆಗಳನ್ನು ಬಿಡಿಸಲು ಅವರಿಗೆ ಸಿಕ್ಕಿದವರು ಪೀಟರ್ ಫರ್ಮಿನ್, ಲಂಡನ್ನಿನ ಸೆಂಟ್ರಲ್ ಸ್ಕೂಲ್ ಆಫ್ ಆರ್ಟ್‌ನಲ್ಲಿ ಪಾಠ ಮಾಡುತ್ತಿದ್ದ ಕಲಾವಿದ. ಮೂವತ್ತು ವರ್ಷ ಬಾಳಿದ ಜೊತೆ ಅದು. ಪೋಸ್ಟ್‌ಗೇಟ್ ಬರೆಯುತ್ತಿದ್ದರು, ಒಂದೊಂದೇ ಚೌಕಟ್ಟು ಚಿತ್ರೀಕರಿಸುತ್ತಿದ್ದರು, ಸಂಕಲನ ಮಾಡುತ್ತಿದ್ದರು, ಕಥೆಯನ್ನು ತಾವೇ ಹೇಳುತ್ತಿದ್ದರು. ಫರ್ಮಿನ್ ಬಿಡಿಸುತ್ತಿದ್ದರು, ಕೆತ್ತುತ್ತಿದ್ದರು, ಬೊಂಬೆ ಕಟ್ಟುತ್ತಿದ್ದರು. ಸಂಗೀತಕ್ಕೆ ಬಸೂನ್ ವಾದಕ ವೆರ್ನನ್ ಎಲಿಯಟ್ ಬಂದರು. ಕಂಪನಿಯ ಹೆಸರು ಸ್ಮಾಲ್‌ಫಿಲ್ಮ್ಸ್. ಅದರ ಸ್ಟುಡಿಯೊ ಕ್ಯಾಂಟರ್‌ಬರಿ ಹತ್ತಿರದ ಬ್ಲೀನ್ ಎಂಬ ಹಳ್ಳಿಯಲ್ಲಿ, ಫರ್ಮಿನ್ ಕುಟುಂಬದ ತೋಟದ ಮನೆಗೆ ಸೇರಿದ ಹಳೆಯ ದನದ ಕೊಟ್ಟಿಗೆ. ಮೆಕ್ಯಾನೊ ಆಟಿಕೆಯ ತುಂಡುಗಳನ್ನು ಜೋಡಿಸಿ ಕ್ಯಾಮೆರಾ ಒಂದೊಂದೇ ಚೌಕಟ್ಟು ಮುಂದೆ ಸರಿಯುವಂತೆ ಪೋಸ್ಟ್‌ಗೇಟ್ ಮಾಡಿಕೊಂಡಿದ್ದರು.

ಇಲ್ಲಿ ಸ್ವಲ್ಪ ನಿಲ್ಲೋಣ, ಏಕೆಂದರೆ ಕಸುಬಿನ ಗುಟ್ಟು ಇಲ್ಲಿದೆ. ಸ್ಟಾಪ್ ಮೋಷನ್ ಎಂದರೆ ಬೊಂಬೆಯನ್ನು ಕೂದಲೆಳೆಯಷ್ಟು ಸರಿಸಿ ಒಂದು ಚಿತ್ರ ತೆಗೆಯುವುದು, ಮತ್ತೆ ಸರಿಸಿ ಮತ್ತೊಂದು ತೆಗೆಯುವುದು. ದೊಡ್ಡ ಸ್ಟುಡಿಯೊಗಳಲ್ಲಿ ಇಡೀ ದಿನ ದುಡಿದರೂ ಕೆಲವೇ ಸೆಕೆಂಡುಗಳ ಚಿತ್ರ ಸಿಗುತ್ತದೆ. ಪೋಸ್ಟ್‌ಗೇಟ್ ದಿನಕ್ಕೆ ಎರಡು ನಿಮಿಷದವರೆಗೂ ತೆಗೆಯುತ್ತಿದ್ದರು. ಹೇಗೆ? ಬರೆದವರೇ ಸರಿಸುತ್ತಿದ್ದರು, ಅದರಿಂದ. ಪಾತ್ರ ಈ ಕ್ಷಣದಲ್ಲಿ ಏಕೆ ತಲೆ ಎತ್ತಬೇಕು ಎಂದು ಯಾರನ್ನೂ ಕೇಳಬೇಕಾಗಿರಲಿಲ್ಲ. ಯಾವ ಚಲನೆ ಕಥೆಗೆ ಬೇಕು, ಯಾವುದು ಬೇಡ ಎಂಬುದು ಬರೆಯುವಾಗಲೇ ತೀರ್ಮಾನವಾಗಿರುತ್ತಿತ್ತು. ಬೇಡದ ಚಲನೆಯನ್ನು ಅವರು ಮಾಡಿಸಲೇ ಇಲ್ಲ. ಪಾತ್ರ ಸುಮ್ಮನೆ ನಿಂತಿರುತ್ತದೆ, ಧ್ವನಿ ಕಥೆಯನ್ನು ಮುಂದಕ್ಕೆ ಒಯ್ಯುತ್ತದೆ, ಆಮೇಲೆ ಪಾತ್ರ ಒಂದೇ ಒಂದು ಬಾರಿ ಕತ್ತು ಹೊರಳಿಸುತ್ತದೆ. ಆ ಒಂದು ಹೊರಳು ಮಗುವಿನ ಮನಸ್ಸಿನಲ್ಲಿ ನಿಲ್ಲುತ್ತದೆ. ಬಡತನದಿಂದ ಬಂದ ಈ ಮಿತ ಕ್ರಮೇಣ ಅವರ ಶೈಲಿಯಾಯಿತು. ನನ್ನ ಮಟ್ಟಿಗೆ ಅವರ ಅತಿ ದೊಡ್ಡ ಸಾಧನೆ ಇದೇ.

1959ರಲ್ಲಿ ಬಂದ ಐವರ್ ಎಂಬ ರೈಲು ಎಂಜಿನ್ನಿನ ಕಥೆ ಕೇಳಿ. ವೇಲ್ಸ್ ಪ್ರಾಂತದ ಮೂಲೆಯಲ್ಲೊಂದು ಪುಟ್ಟ ರೈಲು ದಾರಿ. ಅಲ್ಲಿನ ಹಸಿರು ಎಂಜಿನ್ನಿಗೆ ಒಂದು ಆಸೆ, ಊರಿನ ಗಾಯನ ಮೇಳದಲ್ಲಿ ಹಾಡಬೇಕೆಂದು. ಚಾಲಕ ಜೋನ್ಸ್ ಅದನ್ನು ಅರ್ಥಮಾಡಿಕೊಳ್ಳುತ್ತಾನೆ. ಜಾತ್ರೆಯ ಉಗಿ ಆರ್ಗನ್ನಿನ ಕೊಳವೆಗಳನ್ನು ತಂದು ಐವರ್‌ನ ಸೀಟಿಯ ಜಾಗದಲ್ಲಿ ಕೂರಿಸುತ್ತಾರೆ, ಎಂಜಿನ್ ಮೇಳಕ್ಕೆ ಸೇರುತ್ತದೆ. ಅಷ್ಟೇ ಕಥೆ. ಯಾರೂ ಅಪಹರಣವಾಗುವುದಿಲ್ಲ, ಜಗತ್ತು ನಾಶದ ಅಂಚಿಗೆ ಬರುವುದಿಲ್ಲ. ಒಂದು ಎಂಜಿನ್ನಿಗೆ ಹಾಡಬೇಕು ಎನ್ನಿಸಿದರೆ ಊರವರೆಲ್ಲ ಅದನ್ನು ಗಂಭೀರವಾಗಿ ತೆಗೆದುಕೊಳ್ಳುತ್ತಾರೆ. ಮಕ್ಕಳ ಆಸೆಗಳನ್ನು ದೊಡ್ಡವರು ಹೇಗೆ ತೆಗೆದುಕೊಳ್ಳಬೇಕು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಕಥೆಯನ್ನು ನಾನು ಕಂಡಿಲ್ಲ. ಆ ಎಂಜಿನ್ನಿನ ಉಗಿಯ ಸದ್ದನ್ನು ಪೋಸ್ಟ್‌ಗೇಟ್ ತಮ್ಮ ಬಾಯಿಯಿಂದಲೇ ಮಾಡಿದರು.

ಅದೇ ವರ್ಷ ಬಿಬಿಸಿಯಲ್ಲಿ ನಾಗ್ಗಿನ್ ಎಂಬ ಉತ್ತರದ ನಾಡಿನ ರಾಜಕುಮಾರ ಬಂದ. ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿರುವ ಲೂಯಿಸ್ ದ್ವೀಪದ ಚದುರಂಗದ ಕಾಯಿಗಳು, ಹನ್ನೆರಡನೆಯ ಶತಮಾನದಲ್ಲಿ ವಾಲ್ರಸ್ ದಂತದಲ್ಲಿ ಕೆತ್ತಿದವು, ಫರ್ಮಿನ್ ಅವರ ಕಣ್ಣಿಗೆ ಬಿದ್ದಿದ್ದವು. ಹೊರನೋಟಕ್ಕೆ ಉಗ್ರ ಯೋಧರು, ಮುಖ ನೋಡಿದರೆ ಮೆದು ಮನಸ್ಸಿನವರು. ಅಲ್ಲಿಂದ ಹುಟ್ಟಿದವನು ಪರಾಕ್ರಮಿಯಲ್ಲದ, ಒಳ್ಳೆಯ ಮನಸ್ಸಿನ ರಾಜ. ಅವನ ಚಿಕ್ಕಪ್ಪ ನಾಗ್‌ಬ್ಯಾಡ್ ಸಿಂಹಾಸನಕ್ಕಾಗಿ ಹೊಂಚು ಹಾಕುತ್ತಲೇ ಇರುತ್ತಾನೆ, ಸೋಲುತ್ತಲೇ ಇರುತ್ತಾನೆ.

1965ರಲ್ಲಿ ಪೋಗಲ್ಸ್ ಎಂಬ ಕಾಡಿನ ಪುಟಾಣಿ ಜನರ ಕಥೆ ಬಂದಾಗ ಅದರಲ್ಲೊಬ್ಬ ಮಾಟಗಾತಿ ಇದ್ದಳು. ಚಿಕ್ಕ ಮಕ್ಕಳಿಗೆ ಅದು ತೀರ ಭಯಂಕರ ಎಂದು ಬಿಬಿಸಿ ತೀರ್ಮಾನಿಸಿತು. ಮುಂದಿನ ಕಂತುಗಳು ಮಾಟಗಾತಿಯಿಲ್ಲದೆ, ಕಾಡಿನ ಬದುಕಿನ ಮೇಲೆ ಬಂದವು. ಇದರ ಬಗ್ಗೆ ನನ್ನ ಅಭಿಪ್ರಾಯ ಬಿಬಿಸಿಯ ಕಡೆಗಿಲ್ಲ. ಅಜ್ಜಿ ಹೇಳುವ ಕಥೆಯ ರಾಕ್ಷಸಿ ಮಗುವನ್ನು ಹೆದರಿಸುತ್ತಾಳೆ, ಆದರೆ ಅಜ್ಜಿಯ ಧ್ವನಿ ಜೊತೆಗಿರುತ್ತದೆ. ಪೋಸ್ಟ್‌ಗೇಟ್ ಅವರ ಚಿತ್ರಗಳಲ್ಲಿಯೂ ಆ ಧ್ವನಿ ಇತ್ತು. ತಗ್ಗಿದ, ಅವಸರವಿಲ್ಲದ, ಮಗುವಿಗಿಂತ ಎತ್ತರದಲ್ಲಿ ನಿಲ್ಲದ ಧ್ವನಿ. ಅಂಥ ಧ್ವನಿ ಪಕ್ಕದಲ್ಲಿದ್ದರೆ ಮಗು ಬಹಳ ದೂರ ನಡೆಯಬಲ್ಲದು.

ಮುಂದೆ ಅವರೇ ಅದನ್ನು ತೋರಿಸಿಕೊಟ್ಟರು. 1984ರಲ್ಲಿ ರೂಮರ್ ಗಾಡನ್ ಅವರ ಬೊಂಬೆ ಮನೆಯ ಕಥೆಯನ್ನು ಅವರು ಚಿತ್ರ ಮಾಡಿದರು. ಅದರಲ್ಲಿ ಸೆಲ್ಯುಲಾಯ್ಡ್ ಬೊಂಬೆಯೊಂದು ಪುಟ್ಟ ಬೊಂಬೆಯನ್ನು ಉಳಿಸಲು ಹೋಗಿ ಬೆಂಕಿಗೆ ಸಿಕ್ಕಿ ಸಾಯುತ್ತದೆ. ಚಿಕ್ಕ ಮಕ್ಕಳ ಕಾರ್ಯಕ್ರಮದಲ್ಲಿ ಸಾವು, ಅದೂ ಪರದೆಯ ಮೇಲೆ. ಸಾವನ್ನು ಮಕ್ಕಳಿಂದ ಮುಚ್ಚಿಡುವುದಕ್ಕಿಂತ ಅದರ ಪಕ್ಕದಲ್ಲಿ ಅವರೊಂದಿಗೆ ಕೂರುವುದು ಮೇಲು ಎಂದು ನಂಬುವ ನಿರ್ದೇಶಕ ಮಾತ್ರ ಅದನ್ನು ಮಾಡಬಲ್ಲ.

ಕ್ಲ್ಯಾಂಗರ್ಸ್ ಬಗ್ಗೆ ಹೇಳಬೇಕು. 1969ರ ಜುಲೈಯಲ್ಲಿ ಮನುಷ್ಯ ಚಂದ್ರನ ಮೇಲೆ ಇಳಿದ. ಅದೇ ನವೆಂಬರಿನಲ್ಲಿ ಈ ಸರಣಿ ಶುರುವಾಯಿತು. ದೂರದ ಪುಟ್ಟ ಗ್ರಹದೊಳಗಿನ ಗುಹೆಗಳಲ್ಲಿ ವಾಸಿಸುವ, ಉದ್ದ ಮೂತಿಯ, ಗುಲಾಬಿ ಬಣ್ಣದ ಜೀವಿಗಳು. ಅವುಗಳ ಮೈಯನ್ನು ಉಣ್ಣೆಯಲ್ಲಿ ಹೆಣೆದವರು ಪೀಟರ್ ಅವರ ಹೆಂಡತಿ ಜೋನ್ ಫರ್ಮಿನ್. ಗುಹೆಯ ಬಾಯಿಗೆ ತಗಡಿನ ಮುಚ್ಚಳ. ಊಟಕ್ಕೆ ಸೂಪ್, ಅದನ್ನು ಬಡಿಸಲು ಒಬ್ಬ ಡ್ರ್ಯಾಗನ್.

ಈ ಜೀವಿಗಳು ಮಾತನಾಡುವುದಿಲ್ಲ, ಸಿಳ್ಳೆ ಹಾಕುತ್ತವೆ. ಸ್ವಾನಿ ಎಂಬ ಜಾರುವ ಸಿಳ್ಳೆಯಲ್ಲಿ ಅವುಗಳ ಧ್ವನಿ ನುಡಿಸುತ್ತಿದ್ದರು. ಆದರೆ ಪೋಸ್ಟ್‌ಗೇಟ್ ಪ್ರತಿ ಮಾತನ್ನೂ ಮೊದಲು ಇಂಗ್ಲಿಷಿನಲ್ಲಿ ಪೂರ್ತಿಯಾಗಿ ಬರೆಯುತ್ತಿದ್ದರು. ಬರೆದ ವಾಕ್ಯದ ಏರಿಳಿತವನ್ನೇ ಸಿಳ್ಳೆಯಲ್ಲಿ ಹಿಡಿಯುತ್ತಿದ್ದರು. ಯಾರಿಗೂ ಕೇಳಿಸದ ಸಂಭಾಷಣೆಯನ್ನು ಅಕ್ಷರ ಬಿಡದೆ ಬರೆಯುವ ಶ್ರದ್ಧೆ ಇದು. ಸಿಳ್ಳೆಯ ಹಿಂದೆ ವಾಕ್ಯವಿದೆ, ಅದಕ್ಕೇ ಮಗುವಿಗೆ ಅದು ಅರ್ಥವಾಗುತ್ತದೆ. ನಿರೂಪಣೆಯನ್ನು ತೆಗೆದು ಹಾಕಿ ಇದನ್ನು ಯುರೋಪಿನ ಪ್ರಸಾರಕರ ಸಭೆಯೊಂದರಲ್ಲಿ ತೋರಿಸಿದಾಗ, ಇವು ಅಚ್ಚ ಜರ್ಮನ್ ಮಾತನಾಡುತ್ತಿವೆ ಎಂದು ಜರ್ಮನಿಯವರು ಹೇಳಿದರಂತೆ, ಇಲ್ಲ ಸ್ವೀಡಿಷ್ ಎಂದು ಸ್ವೀಡನ್ನಿನವರು ಹೇಳಿದರಂತೆ. ಪೋಸ್ಟ್‌ಗೇಟ್ ಅವರೇ ಸಂತೋಷದಿಂದ ನೆನೆಯುತ್ತಿದ್ದ ಪ್ರಸಂಗ ಇದು.

ಮಕ್ಕಳಿಗೆ ಬರೆಯುವಾಗ ಸಂಭಾಷಣೆಯಲ್ಲಿ ಎಲ್ಲವನ್ನೂ ವಿವರಿಸಿಬಿಡುವ ಚಾಳಿ ನಮಗಿದೆ. ಬೊಂಬೆ ಅಳುತ್ತಿದೆ, ಪಕ್ಕದ ಬೊಂಬೆ “ಅಯ್ಯೋ, ನಿನಗೆ ಬೇಜಾರಾಗಿದೆಯೇ?” ಎನ್ನುತ್ತದೆ. ಬೇಜಾರಾಗಿರುವುದು ಮೂರು ವರ್ಷದ ಮಗುವಿಗೂ ಆಗಲೇ ತಿಳಿದಿದೆ. ಮಾತನ್ನು ತೆಗೆದ ಮೇಲೂ ದೃಶ್ಯ ನಿಲ್ಲುತ್ತದೆಯೇ ಎಂದು ಪರೀಕ್ಷಿಸಿ. ನನ್ನ ಜೊತೆ ಕೆಲಸ ಮಾಡುವ ಯುವಕರಿಗೆ ನಾನು ಕೊಡುವ ಮೊದಲ ಅಭ್ಯಾಸ ಅದು: ಒಂದು ಪುಟದ ಸಂಭಾಷಣೆ ಬರೆಯಿರಿ, ಆಮೇಲೆ ಅದನ್ನು ಬಾಯಿ ಮುಚ್ಚಿಕೊಂಡು, ಬರೀ ಗುನುಗಿನಲ್ಲಿ ಓದಿ ತೋರಿಸಿ. ಕೇಳುವವರಿಗೆ ಯಾರು ಯಾರಿಗೆ ಏನು ಹೇಳುತ್ತಿದ್ದಾರೆ ಎಂಬುದರ ಸುಳಿವು ಸಿಗಬೇಕು. ಸಿಗದಿದ್ದರೆ ಬರೆದದ್ದರಲ್ಲಿ ಮಾಹಿತಿ ಇದೆ, ಮನಸ್ಸಿಲ್ಲ.

ಇನ್ನು ಬ್ಯಾಗ್‌ಪಸ್. 1974ರ ಫೆಬ್ರವರಿಯಲ್ಲಿ ಮೊದಲ ಪ್ರಸಾರ. ಒಟ್ಟು ಹದಿಮೂರೇ ಕಂತು, ಒಂದೊಂದೂ ಸುಮಾರು ಕಾಲು ಗಂಟೆ. ಎಲ್ಲ ಸೇರಿಸಿದರೂ ಮೂರು ಗಂಟೆ ಚಿಲ್ಲರೆ. 1999ರಲ್ಲಿ ಬಿಬಿಸಿ ನಡೆಸಿದ ಮತದಾನದಲ್ಲಿ ಬ್ರಿಟನ್ನಿನ ಜನ ತಮಗೆ ಅತ್ಯಂತ ಪ್ರಿಯವಾದ ಮಕ್ಕಳ ಕಾರ್ಯಕ್ರಮವೆಂದು ಆರಿಸಿದ್ದು ಈ ಮೂರು ಗಂಟೆಯನ್ನು.

ಅದು ಬಟ್ಟೆಯ ಬೆಕ್ಕೊಂದರ ಕಥೆ. ಹಳೆಯದು, ಜೋಲು ಬಿದ್ದದ್ದು. ಕಿತ್ತಳೆ ಬಣ್ಣದ ಪಟ್ಟೆಗಳಿರಬೇಕಾಗಿತ್ತು, ಬಟ್ಟೆಗೆ ಬಣ್ಣ ಹಾಕುವಲ್ಲಿ ಏನೋ ತಪ್ಪಿ ಗುಲಾಬಿ ಪಟ್ಟೆಯ ಬೆಕ್ಕಾಯಿತು. ಅದನ್ನೇ ಇಟ್ಟುಕೊಂಡರು. ಎಮಿಲಿ ಎಂಬ ಹುಡುಗಿಗೆ ಒಂದು ಅಂಗಡಿ ಇದೆ, ಅಲ್ಲಿ ಏನನ್ನೂ ಮಾರುವುದಿಲ್ಲ. ಎಮಿಲಿಯಾಗಿ ಕಾಣಿಸಿಕೊಂಡವಳು ಫರ್ಮಿನ್ ಅವರ ಮಗಳು ಎಮಿಲಿಯೇ. ಯಾರೋ ಕಳೆದುಕೊಂಡ, ಮುರಿದುಹೋದ ವಸ್ತುವೊಂದನ್ನು ಅವಳು ತಂದು ಬೆಕ್ಕಿನ ಮುಂದಿಡುತ್ತಾಳೆ. ಹಳೆಯ ಫೋಟೊದಂಥ ಕಂದು ಚಿತ್ರಕ್ಕೆ ನಿಧಾನವಾಗಿ ಬಣ್ಣ ಬರುತ್ತದೆ, ಬೆಕ್ಕು ಎಚ್ಚರಗೊಳ್ಳುತ್ತದೆ, ಅದರೊಂದಿಗೆ ಅಂಗಡಿಯ ಗೊಂಬೆಗಳೆಲ್ಲ ಎಚ್ಚರಗೊಳ್ಳುತ್ತವೆ. ಇದು ಏನಿರಬಹುದು ಎಂದು ವಾದಿಸುತ್ತವೆ, ಹಾಡುತ್ತವೆ, ಇಲಿಗಳು ಅದನ್ನು ತೊಳೆದು ದುರಸ್ತಿ ಮಾಡುತ್ತವೆ. ಸರಿಯಾದ ವಸ್ತುವನ್ನು ಅಂಗಡಿಯ ಕಿಟಕಿಯಲ್ಲಿ ಇಡುತ್ತಾರೆ, ಕಳೆದುಕೊಂಡವರು ಹಾದುಹೋಗುವಾಗ ನೋಡಿ ಒಳಗೆ ಬರಲಿ ಎಂದು. ಆಮೇಲೆ ಬೆಕ್ಕು ಆಕಳಿಸಿ ಮಲಗುತ್ತದೆ. ಬೆಕ್ಕು ಮಲಗಿದರೆ ಎಲ್ಲರೂ ಮಲಗಬೇಕು.

ಅಲ್ಲೊಬ್ಬ ಪ್ರೊಫೆಸರ್ ಯಾಫಲ್ ಇದ್ದಾನೆ, ಮರದಲ್ಲಿ ಕೆತ್ತಿದ ಮರಕುಟಿಗ, ಎಲ್ಲವನ್ನೂ ಬಲ್ಲವನು, ಎಲ್ಲಕ್ಕೂ ತಕರಾರು ತೆಗೆಯುವವನು. ತತ್ವಜ್ಞಾನಿ ಬರ್ಟ್ರಂಡ್ ರಸೆಲ್ ಅವರ ಛಾಯೆ ಅವನಲ್ಲಿದೆ. ಪೋಸ್ಟ್‌ಗೇಟ್ ಚಿಕ್ಕವರಿದ್ದಾಗ ಮನೆಗೆ ಬಂದುಹೋಗುತ್ತಿದ್ದ ವಿದ್ವಾಂಸರ ಮಾತಿನ ಧಾಟಿ ಅದು. ಒಂದು ಕಂತಿನಲ್ಲಿ ಇಲಿಗಳು ಗಿರಣಿಯೊಂದನ್ನು ತೋರಿಸಿ, ಇದಕ್ಕೆ ಕಾಳು ಮತ್ತು ಬ್ರೆಡ್ಡಿನ ಪುಡಿ ಹಾಕಿದರೆ ಚಾಕೊಲೇಟ್ ಬಿಸ್ಕತ್ತು ಬರುತ್ತದೆ ಎನ್ನುತ್ತವೆ. ಬಿಸ್ಕತ್ತುಗಳು ಒಂದರ ಹಿಂದೊಂದು ಬರುತ್ತಲೇ ಇರುತ್ತವೆ. ಕೊನೆಗೆ ಪ್ರೊಫೆಸರ್ ಹಿಂಬದಿಗೆ ಹೋಗಿ ನೋಡಿದರೆ ಇರುವುದು ಒಂದೇ ಬಿಸ್ಕತ್ತು, ಇಲಿಗಳು ಅದನ್ನೇ ಸುತ್ತಿ ಸುತ್ತಿ ತರುತ್ತಿವೆ. ಎಲ್ಲವನ್ನೂ ಪ್ರಶ್ನಿಸುವ ವಿದ್ವಾಂಸನೊಬ್ಬ ಮಕ್ಕಳ ಪ್ರೀತಿಯ ಪಾತ್ರವಾಗಿ ಉಳಿದದ್ದು ನನಗೆ ಬಹಳ ಮುಖ್ಯ ಎನ್ನಿಸುತ್ತದೆ. ನಮ್ಮ ಕಾರ್ಯಕ್ರಮಗಳಲ್ಲಿ ಮೇಷ್ಟರು ಎಂದರೆ ದಪ್ಪ ಕನ್ನಡಕ ಹಾಕಿಕೊಂಡು ಬೀಳುವವರು.

1987ರಲ್ಲಿ ಕೆಂಟ್ ವಿಶ್ವವಿದ್ಯಾಲಯ ಪೋಸ್ಟ್‌ಗೇಟ್ ಅವರಿಗೆ ಗೌರವ ಪದವಿ ನೀಡಿತು. ಅದು ನಿಜಕ್ಕೂ ಬ್ಯಾಗ್‌ಪಸ್‌ಗೆ ಸಲ್ಲಬೇಕಾದ್ದು ಎಂದು ಅವರು ಹೇಳಿದರು.

ಇಷ್ಟೆಲ್ಲ ಹೇಗೆ ಸಾಧ್ಯವಾಯಿತು ಎಂದು ಕೇಳಿದರೆ ಅವರ ಉತ್ತರ ಸರಳ. ವರ್ಷಕ್ಕೊಮ್ಮೆ ಬಿಬಿಸಿಗೆ ಹೋಗುತ್ತಿದ್ದರು, ಮಾಡಿದ ಚಿತ್ರಗಳನ್ನು ತೋರಿಸುತ್ತಿದ್ದರು. ಚೆನ್ನಾಗಿದೆ, ಮುಂದೆ ಏನು ಮಾಡುತ್ತೀರಿ ಎಂದು ಅಲ್ಲಿಯವರು ಕೇಳುತ್ತಿದ್ದರು. ಇವರು ಹೇಳುತ್ತಿದ್ದರು. ಹದಿನೆಂಟು ತಿಂಗಳ ನಂತರದ ಪ್ರಸಾರಕ್ಕೆ ಗುರುತು ಹಾಕಿಕೊಂಡು, ಒಂದಿಷ್ಟು ಮುಂಗಡ ಹಣ ಮತ್ತು ಹುರುಪು ಕೊಟ್ಟು ಕಳಿಸುತ್ತಿದ್ದರು. ಇವರು ಕೊಟ್ಟಿಗೆಗೆ ಮರಳಿ ಕೆಲಸ ಮಾಡುತ್ತಿದ್ದರು. ನಡುವೆ ಯಾರೂ ಬಂದು ಇಣುಕುತ್ತಿರಲಿಲ್ಲ. ಹಣ ಕಡಿಮೆ ಇತ್ತು, ಆದರೆ ನಂಬಿಕೆ ಪೂರ್ತಿ ಇತ್ತು.

1987ರಲ್ಲಿ ಅದು ಮುಗಿಯಿತು. ಇನ್ನು ಮುಂದೆ ಎಲ್ಲ ಕಾರ್ಯಕ್ರಮಗಳನ್ನೂ ವೀಕ್ಷಕರ ಸಂಖ್ಯೆಯಿಂದಲೇ ಅಳೆಯಲಾಗುವುದು ಎಂದು ಅವರಿಗೆ ತಿಳಿಸಲಾಯಿತು. ಮಗುವನ್ನು ಹಿಡಿದಿಡಲು ಕೆಲವೇ ಸೆಕೆಂಡುಗಳಿಗೊಮ್ಮೆ ಬೆಚ್ಚಿಬೀಳಿಸುವ ಘಟನೆಯೊಂದು ಬೇಕೇ ಬೇಕು ಎಂಬ ಸಂಶೋಧನೆಯ ಮಾತೂ ಬಂತು. ಬೆಕ್ಕು ನಿಧಾನವಾಗಿ ಆಕಳಿಸುವ ಚಿತ್ರಕ್ಕೆ ಅಲ್ಲಿ ಜಾಗವಿರಲಿಲ್ಲ. ಪೋಸ್ಟ್‌ಗೇಟ್ ಇದನ್ನು ಮುಂದೆ ಬರೆದು ದಾಖಲಿಸಿದ್ದಾರೆ. ಮಗುವನ್ನು ಮಾರುಕಟ್ಟೆ ಎಂದು ನೋಡುವವರು ಮಗುವನ್ನು ನೋಡುವುದೇ ಇಲ್ಲ ಎಂಬುದು ಅವರ ನೋವಾಗಿತ್ತು. ನನ್ನ ನೋವೂ ಅದೇ.

ಈಗ ನಮ್ಮ ಕಡೆಗೆ ಬರೋಣ. ಬ್ಯಾಗ್‌ಪಸ್ ಬಂದ ಮರುವರ್ಷ, 1975ರ ಆಗಸ್ಟ್ 1ರಿಂದ ಒಂದು ವರ್ಷ ಕಾಲ, ಇಸ್ರೊ ಸಂಸ್ಥೆ ಅಮೆರಿಕದ ಎಟಿಎಸ್-6 ಉಪಗ್ರಹದ ಮೂಲಕ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಟೆಲಿವಿಷನ್ ಮುಟ್ಟಿಸಿತು. ಸೈಟ್ ಎಂದು ಕರೆಯುವ ಆ ಪ್ರಯೋಗದಲ್ಲಿ ನಮ್ಮ ಬಿಜಾಪುರ, ಗುಲ್ಬರ್ಗ, ರಾಯಚೂರು ಜಿಲ್ಲೆಗಳ ಹಳ್ಳಿಗಳಿದ್ದವು. ಬೆಳಗಿನ ಹೊತ್ತು ಶಾಲೆಯ ಮಕ್ಕಳಿಗೆಂದೇ ಕಾರ್ಯಕ್ರಮ, ಕನ್ನಡದಲ್ಲಿ. ನಾಡಿನ ದೊಡ್ಡ ನಗರಗಳ ಮಕ್ಕಳಿಗಿಂತ ಮೊದಲೇ ಈ ಹಳ್ಳಿಗಳ ಮಕ್ಕಳು ಶಾಲೆಯಲ್ಲಿ ಕುಳಿತು ತಮ್ಮ ಭಾಷೆಯಲ್ಲಿ ಟಿವಿ ನೋಡಿದರು. ಮಕ್ಕಳೇ ಮೊದಲು ಎಂದು ಆಗ ತೀರ್ಮಾನಿಸಿದವರಿದ್ದರು ಎಂಬುದನ್ನು ಹೆಮ್ಮೆಯಿಂದ ನೆನೆಯುತ್ತೇನೆ.

2009ರಲ್ಲಿ ಕನ್ನಡದ ಮಕ್ಕಳಿಗಾಗಿ ಚಿಂಟು ಟಿವಿ ಶುರುವಾಯಿತು. ಮಕ್ಕಳಿಗೆ ಕನ್ನಡ ಕೇಳಿಸಿತು, ಅದು ಸಣ್ಣ ಉಪಕಾರವಲ್ಲ. ಆದರೆ ಕೇಳಿಸಿದ್ದರಲ್ಲಿ ಹೆಚ್ಚಿನದು ಡಬ್ಬಿಂಗ್. ಡಬ್ಬಿಂಗ್ ಬರೆಯುವವರ ಕಷ್ಟ ನಿಮ್ಮಲ್ಲಿ ಕೆಲವರಿಗೆ ಗೊತ್ತು. ಪಾತ್ರದ ಬಾಯಿ ಎಷ್ಟು ಹೊತ್ತು ತೆರೆದಿರುತ್ತದೋ ಅಷ್ಟರೊಳಗೆ ಮಾತು ಮುಗಿಯಬೇಕು. ನಮ್ಮ ಕ್ರಿಯಾಪದ ವಾಕ್ಯದ ಕೊನೆಗೆ ಬರುತ್ತದೆ, ಅದು ಬರುವಷ್ಟರಲ್ಲಿ ಪಾತ್ರ ಬಾಯಿ ಮುಚ್ಚಿರುತ್ತದೆ. ಆಗ ಕನ್ನಡವನ್ನು ಕತ್ತರಿಸಬೇಕಾಗುತ್ತದೆ. ಒಳ್ಳೆಯ ಡಬ್ಬಿಂಗ್ ಬರಹಗಾರರು ಅದನ್ನು ನೋವಾಗದಂತೆ ಕತ್ತರಿಸುತ್ತಾರೆ, ಅವರ ಬಗ್ಗೆ ನನಗೆ ಗೌರವವಿದೆ. ಆದರೆ ಆ ಕೆಲಸದಿಂದ ಕನ್ನಡದ ಪಾತ್ರವೊಂದು ಹುಟ್ಟುವುದಿಲ್ಲ, ಕನ್ನಡ ವಾಕ್ಯದ ನಡಿಗೆಗೆ ತಕ್ಕಂತೆ ಕತ್ತು ಹೊರಳಿಸುವ ಬೊಂಬೆ ಹುಟ್ಟುವುದಿಲ್ಲ.

ಮಾತು ಮುಗಿದ ಮೇಲೆ ಸಭೆಯಿಂದ ಒಂದು ಪ್ರಶ್ನೆ ಬಂತು. “ಸರ್, ಇದೆಲ್ಲ ಬಿಬಿಸಿ ಇದ್ದುದರಿಂದ ಆಯಿತು. ನಮಗೆ ಹಣ ಯಾರು ಕೊಡುತ್ತಾರೆ?” ಪ್ರಶ್ನೆ ಸರಿಯಾದದ್ದು. ಕ್ಯಾಮೆರಾಕ್ಕಾಗಿ ಮೆಕ್ಯಾನೊ ಜೋಡಿಸುವ ಕಷ್ಟ ಇಂದು ಯಾರಿಗೂ ಇಲ್ಲ, ಒಂದೊಂದೇ ಚೌಕಟ್ಟು ತೆಗೆಯುವ ಸೌಲಭ್ಯ ನಿಮ್ಮ ಕೈಯ ಮೊಬೈಲಿನಲ್ಲೇ ಇದೆ. ಬೊಂಬೆಗೆ ಉಣ್ಣೆ, ಬಟ್ಟೆ, ಮರ ಎಲ್ಲ ಊರಿನಲ್ಲೂ ಸಿಗುತ್ತದೆ. ಖರ್ಚಾಗುವುದು ಇಬ್ಬರು ಮೂವರ ಹೊಟ್ಟೆಪಾಡಿಗೆ, ಒಂದೂವರೆ ವರ್ಷಕ್ಕೆ. ದಿನನಿತ್ಯದ ಧಾರಾವಾಹಿಗಳನ್ನು ವರ್ಷಗಟ್ಟಲೆ ಸಾಕುವ ವಾಹಿನಿಗಳಿಗೆ ಅದು ದೊಡ್ಡ ಮೊತ್ತವಲ್ಲ. ಅದನ್ನು ನಾನು ಅವರ ಕಚೇರಿಗಳಲ್ಲೂ ಹೇಳಿದ್ದೇನೆ, ಇನ್ನೂ ಹೇಳುತ್ತೇನೆ: ಬರೆಯಬಲ್ಲ ಒಬ್ಬರನ್ನು, ಬಿಡಿಸಬಲ್ಲ ಒಬ್ಬರನ್ನು ಆರಿಸಿ, ಹದಿಮೂರು ಕಂತಿಗೆ ಮುಂಗಡ ಕೊಡಿ, ಹದಿನೆಂಟು ತಿಂಗಳು ಅವರ ಬಾಗಿಲು ತಟ್ಟಬೇಡಿ. ಅಷ್ಟರಲ್ಲಿ ನೀವು ಯಾರಿಗೂ ಕಾಯದೆ ಒಂದು ಕಂತು ಮಾಡಿ ಇಟ್ಟುಕೊಳ್ಳಿ. ತೋರಿಸಲು ಕೈಯಲ್ಲಿ ಏನಾದರೂ ಇರಬೇಕು.